ಕಡ್ಡಿ ಕಟ್ಟಿನಲ್ಲಿ ಕಳೆಯುವ ಲೆಕ್ಕ

ನಾಲ್ಕನೇ ತರಗತಿಯ ಮಕ್ಕಳಿಗೆ 52ರಲ್ಲಿ 27 ಕಳೆಯಲು ಹೇಳಿ ನೋಡಿ. ಕೆಲವರಾದರೂ 35 ಎಂದು ಬರೆಯುತ್ತಾರೆ. 2ರಲ್ಲಿ 7 ಹೋಗದ ಕಾರಣ 7ರಲ್ಲೇ 2 ಕಳೆದುಬಿಡುತ್ತಾರೆ. ಇಂಥ ಮಗುವನ್ನು ದಡ್ಡ ಎನ್ನುವುದು ಸುಲಭ. ಆದರೆ 52ರಲ್ಲಿರುವ 5 ಎಂದರೆ ಐದು ಹತ್ತುಗಳು ಎಂಬುದನ್ನು ಅದಕ್ಕೆ ಯಾರೂ ಕಣ್ಣಾರೆ ತೋರಿಸಿರುವುದಿಲ್ಲ.

ಬೆಂಗಳೂರಿನ ಅಕ್ಷರ ಫೌಂಡೇಶನ್ ರಾಜ್ಯ ಸರ್ಕಾರದೊಡನೆ ಸೇರಿ ನಡೆಸಿದ 'ಗಣಿತ ಕಲಿಕಾ ಆಂದೋಲನ'ದ ಉದ್ದೇಶ ಇದನ್ನು ತೋರಿಸುವುದೇ. 2015ರ ಬಳಿಕ ಅದು ಹೈದರಾಬಾದ್ ಕರ್ನಾಟಕದ ಸರ್ಕಾರಿ ಶಾಲೆಗಳಿಗೆ ವಿಸ್ತರಿಸಿತು. ಆಗ ಹೊಸಪೇಟೆ, ಹಂಪಿ, ಕಂಪ್ಲಿ, ಸಂಡೂರು ಎಲ್ಲವೂ ಬಳ್ಳಾರಿ ಜಿಲ್ಲೆಯಲ್ಲಿದ್ದವು. ಹೊಸಪೇಟೆ, ಹಂಪಿಗಳು ವಿಜಯನಗರ ಜಿಲ್ಲೆಗೆ ಸೇರಿದ್ದು 2021ರಲ್ಲಿ. 4 ಮತ್ತು 5ನೇ ತರಗತಿಗೆ ಬಂದ ಪೆಟ್ಟಿಗೆಯಲ್ಲಿ ಮಣಿಚೌಕಟ್ಟು, ಬಿಡಿ-ಹತ್ತು-ನೂರರ ತುಂಡುಗಳು, ಆಟದ ನೋಟುಗಳು, ಗಡಿಯಾರ, ಭಿನ್ನರಾಶಿಯ ಪಟ್ಟಿಗಳು ಇದ್ದವು. ಮಕ್ಕಳು ಗುಂಪಾಗಿ ಕುಳಿತು ತಾವೇ ಮುಟ್ಟಿ ಮಾಡುವುದು ಇದರ ಕ್ರಮ. ಸಾಮಾನು ಕಳೆದುಹೋದೀತೆಂದು ಬೀರುವಿನಲ್ಲಿ ಬೀಗ ಹಾಕಿಟ್ಟರೆ ಪೆಟ್ಟಿಗೆ ಇದ್ದೂ ಪ್ರಯೋಜನವಿಲ್ಲ.

ಆ ಸೀಮೆಯಿಂದ ಕೂಲಿಗೆ ಬಂದವರ ಮಕ್ಕಳು ಕರಾವಳಿಯ ಶಾಲೆಗಳಲ್ಲಿಯೂ ಇದ್ದಾರೆ. ಅವರಿಗೆ ಸಂಜೆ ಪಾಠ ಹೇಳುವ ನಮ್ಮ ಸ್ವಯಂಸೇವಕರಿಗೆ ಪೆಟ್ಟಿಗೆಯೇ ಬೇಕೆಂದಿಲ್ಲ. ಪೊರಕೆಕಡ್ಡಿ, ರಬ್ಬರ್ ಬ್ಯಾಂಡ್ ಸಾಕು. ಹತ್ತು ಕಡ್ಡಿಗಳ ಐದು ಕಟ್ಟು, ಎರಡು ಬಿಡಿ ಕಡ್ಡಿ ಇಡಿ. 27 ಕಡ್ಡಿ ಕೊಡು ಎನ್ನಿ. ಏಳು ಬಿಡಿ ಕೊಡಲು ಎರಡೇ ಇರುವುದರಿಂದ ಮಗು ಕೈ ತಡೆಯುತ್ತದೆ. ಅಲ್ಲಿ ಅವಸರಪಡಬೇಡಿ, ಉತ್ತರ ಹೇಳಿಕೊಡಬೇಡಿ. ಸ್ವಲ್ಪ ಹೊತ್ತಿನಲ್ಲಿ ಅದೇ ಒಂದು ಕಟ್ಟು ಬಿಚ್ಚೀತು. ಈಗ ನಾಲ್ಕು ಕಟ್ಟು, ಹನ್ನೆರಡು ಬಿಡಿ. ಏಳು ಬಿಡಿ, ಎರಡು ಕಟ್ಟು ಕೊಟ್ಟರೆ ಉಳಿಯುವುದು 25.

'ಪಕ್ಕದ ಮನೆಯಿಂದ ಸಾಲ ತಾ' ಎಂದು ನಾವೆಲ್ಲ ಕಲಿತವರು. ಆ ಸಾಲ ತೀರಿಸುವುದು ಯಾವಾಗ ಎಂದು ಮಗು ಕೇಳಿದರೆ ನಮ್ಮಲ್ಲಿ ಉತ್ತರವಿಲ್ಲ! ಕಟ್ಟು ಬಿಚ್ಚಿದ ಮಗುವಿಗೆ ಅಲ್ಲಿ ಸಾಲವೇ ಇಲ್ಲವೆಂದು ಗೊತ್ತು. ಒಂದು ಹತ್ತು ಹತ್ತು ಬಿಡಿಯಾಯಿತು, ಅಷ್ಟೆ.

ಭಿನ್ನರಾಶಿಗೂ ಹೀಗೆಯೇ. 4 ದೊಡ್ಡದು, ಆದ್ದರಿಂದ 1/4 ಕೂಡ 1/2ಕ್ಕಿಂತ ದೊಡ್ಡದು ಎನ್ನುವ ಮಗುವಿನ ಮುಂದೆ ಒಂದು ರೊಟ್ಟಿ ಮುರಿದರೆ ಸಾಕು.

ಆದರೆ ಕಡ್ಡಿಯಲ್ಲೇ ನಿಂತುಬಿಡಬಾರದು. ಕೆಲವು ದಿನಗಳ ಮೇಲೆ ಕಟ್ಟಿಗೆ ಉದ್ದ ಗೆರೆ, ಬಿಡಿಗೆ ಚುಕ್ಕಿ ಹಾಕಿಸಿ. ಆಮೇಲೆ ಬರೀ ಅಂಕಿ. 304ರಲ್ಲಿ 128 ಕಳೆಯುವಾಗ ನಡುವಿನ ಸೊನ್ನೆಯ ಮುಂದೆ ಮಗು ತಡವರಿಸಿದರೆ ಮತ್ತೆ ಕಡ್ಡಿ ತನ್ನಿ: ನೂರರ ದೊಡ್ಡ ಕಟ್ಟೊಂದನ್ನು ಬಿಚ್ಚಿ ಹತ್ತು ಕಟ್ಟು, ಅದರಲ್ಲಿ ಒಂದನ್ನು ಬಿಚ್ಚಿ ಹತ್ತು ಬಿಡಿ. ಉಳಿಯುವ 176ನ್ನು ಅದು ತಾನೇ ಎಣಿಸಲಿ.