ಘಟ್ಟ ಹತ್ತಿದ ಉಪ್ಪು, ಘಟ್ಟ ಇಳಿದ ಅಡಿಕೆ
ಆಗುಂಬೆ ಘಾಟಿಯ ಹಳೆಯ ರಸ್ತೆ ಕಾಲಕಾಲಕ್ಕೆ ಹೊತ್ತದ್ದೇನು?

ಸೋಮೇಶ್ವರ ದಾಟಿದ ಮೇಲೆ ಮಿನಿ ಬಸ್ಸಿನ ಸದ್ದೇ ಬದಲಾಗುತ್ತದೆ. ಚಾಲಕರು ಗಿಯರ್ ಇಳಿಸುತ್ತಾರೆ, ತಿರುವಿಗೆ ಮುಂಚೆಯೇ ಉದ್ದಕ್ಕೆ ಹಾರ್ನ್ ಹೊಡೆಯುತ್ತಾರೆ, ಮೇಲಿನಿಂದ ಉತ್ತರ ಬಂತೇ ಎಂದು ಕಿವಿಗೊಡುತ್ತಾರೆ. ಮೇಲಿನ ಸುತ್ತಿನಲ್ಲಿ ಕಾರೊಂದು ಬದಿಗೆ ಸರಿದು ನಿಂತಿದೆ. ಹತ್ತುವ ಗಾಡಿಗೆ ಇಳಿಯುವ ಗಾಡಿ ದಾರಿ ಬಿಡಬೇಕು, ಘಾಟಿಯ ಮೊದಲ ಪಾಠ ಇದು. ಏರಿನಲ್ಲಿ ಒಮ್ಮೆ ನಿಂತ ಗಾಡಿಯನ್ನು ಮತ್ತೆ ಎಬ್ಬಿಸುವ ಕಷ್ಟ ಬಲ್ಲವರು ಮಾಡಿದ ನಿಯಮ. ಬಸ್ಸು ತಿರುವಿನ ಹೊರ ಅಂಚಿಗೆ ಹೋಗಿ, ಸ್ಟೀರಿಂಗ್ ಪೂರ್ತಿ ಎಳೆಸಿಕೊಂಡು, ಧರೆಯ ಕಡೆಗೆ ವಾಲುತ್ತಾ ಮೇಲೇರುತ್ತದೆ. ಕಿಟಕಿಯಿಂದ ಬಗ್ಗಿ ನೋಡಿದರೆ ಈಗಷ್ಟೇ ಬಂದ ರಸ್ತೆ ಕಾಲಡಿಯಲ್ಲಿದೆ.

ಇಂಥ 14 ತಿರುವು ಮುಗಿದರೆ ಆಗುಂಬೆ. ಉಡುಪಿಯಿಂದ ಹೊರಟು ಮಣಿಪಾಲ, ಪರ್ಕಳ, ಹಿರಿಯಡಕ, ಪೆರ್ಡೂರು, ಹೆಬ್ರಿ ಹಾದರೆ ಅಲ್ಲಿಗೆ ಸುಮಾರು 55 ಕಿಲೋಮೀಟರ್. ಕಾರ್ಕಳದವರು ಅಜೆಕಾರು, ಮುನಿಯಾಲು ದಾಟಿ ಹೆಬ್ರಿಯಲ್ಲಿ ಬಂದು ಸೇರುತ್ತಾರೆ. ಕಾಪುವಿನವರಿಗೆ ಉಡುಪಿಯೇ ದಾರಿ. ಸರ್ಕಾರಿ ದಾಖಲೆಯಲ್ಲಿ ಇದು ಮಲ್ಪೆ–ತೀರ್ಥಹಳ್ಳಿ ರಾಷ್ಟ್ರೀಯ ಹೆದ್ದಾರಿ 169ಎ. ಊರವರ ಬಾಯಲ್ಲಿ ಬರೀ ‘ಘಾಟಿ’.

ಹೇರೆತ್ತಿನ ಹಾದಿ

ಕಡಲಿನ ಬದಿಯಲ್ಲಿ ಉಪ್ಪಿತ್ತು, ಒಣಮೀನಿತ್ತು, ತೆಂಗಿನಕಾಯಿ ಇತ್ತು. ಘಟ್ಟದ ಮೇಲೆ ಅಡಿಕೆ, ಕಾಳುಮೆಣಸು, ಏಲಕ್ಕಿ ಇದ್ದವು. ಒಂದು ಕಡೆ ಧಾರಾಳ ಇದ್ದದ್ದು ಇನ್ನೊಂದು ಕಡೆ ಸಾಲುತ್ತಿರಲಿಲ್ಲ. ಕರಾವಳಿಯಿಂದ ಮಲೆನಾಡಿಗೆ ಹಾದಿಗಳು ಹುಟ್ಟಿದ್ದು ಈ ಕೊರತೆಯಿಂದಲೇ. ಬಾರ್ಕೂರಿನಂಥ ಹಳೆಯ ಪಟ್ಟಣಗಳು ಬೆಳೆದದ್ದು ಕಡಲಿನ ಬಲದಿಂದ ಎಷ್ಟೋ, ಘಟ್ಟ ಇಳಿದು ಬಂದ ಸರಕಿನಿಂದಲೂ ಅಷ್ಟೇ. ಕೆಳದಿಯ ಅರಸರು ಘಟ್ಟದ ಮೇಲನ್ನೂ ಕೆಳಗನ್ನೂ ಒಟ್ಟಿಗೆ ಆಳಿದ ಕಾಲದಲ್ಲಿ ಈ ಘಾಟಿಗಳೇ ರಾಜ್ಯದ ನರನಾಡಿ.

ಕಾಲುಹಾದಿ ಗುಡ್ಡವನ್ನು ನೇರ ಹತ್ತಬಲ್ಲದು. ಹೇರು ಹೊತ್ತ ಎತ್ತಿಗೆ ಅಷ್ಟು ಕಡಿದಾದ ಏರು ಕಷ್ಟ, ಗಾಡಿಗೆ ಕಟ್ಟಿದ ಎತ್ತಿಗಂತೂ ಆಗದ ಮಾತು. ಹಾಗಾಗಿ ಗಾಡಿರಸ್ತೆ ಮಾಡುವವರು ಗುಡ್ಡದ ಮೈಗೆ ಅಡ್ಡಲಾಗಿ ಸಾಗಿ, ಜಾಗ ಸಿಕ್ಕಲ್ಲಿ ಹಿಂತಿರುಗಿ, ಮತ್ತೆ ಅಡ್ಡಲಾಗಿ ಸಾಗಬೇಕಾಯಿತು. ಇವತ್ತು ನಮಗೆ ತಲೆ ಸುತ್ತಿಸುವ ತಿರುವುಗಳೆಲ್ಲ ಎತ್ತಿನ ಉಸಿರಿಗೆ ತಕ್ಕಂತೆ ಎಳೆದ ಗೆರೆಗಳು. ಕಡಲಮಟ್ಟದಿಂದ ಸುಮಾರು 650 ಮೀಟರ್ ಮೇಲಿರುವ ಆಗುಂಬೆಯ ಏರನ್ನು ಗುಡ್ಡಕ್ಕೂ ಪ್ರಾಣಿಗೂ ನೋವಾಗದಂತೆ ಹಂಚಿಕೊಂಡ ಲೆಕ್ಕ ಅದು.

ಈ ಘಾಟಿ ಬಹುಕಾಲ ಎರಡು ಆಡಳಿತಗಳ ಗಡಿಯೂ ಆಗಿತ್ತು. ಟಿಪ್ಪು ಸುಲ್ತಾನನ ಪತನದ ನಂತರ, 1799ರಲ್ಲಿ, ಕೆಳಗಿನ ಕರಾವಳಿ ಕಂಪನಿ ಸರ್ಕಾರಕ್ಕೆ ಹೋಯಿತು, ಮೇಲಿನ ಮಲೆನಾಡು ಮೈಸೂರಿನಲ್ಲಿ ಉಳಿಯಿತು. ಸೋಮೇಶ್ವರ ಮದರಾಸು ಪ್ರಾಂತ್ಯದ ದಕ್ಷಿಣ ಕನ್ನಡ, ಆಗುಂಬೆ ಮೈಸೂರು ಸಂಸ್ಥಾನ. 1956ರ ನವೆಂಬರ್ 1ರಂದು ಎರಡೂ ಒಂದೇ ರಾಜ್ಯವಾದವು. ಅಷ್ಟೂ ವರ್ಷ ಆಡಳಿತ ಎರಡಾಗಿದ್ದರೂ ಸಂತೆ ಎರಡಾಗಲಿಲ್ಲ, ನೆಂಟಸ್ತಿಕೆಯೂ ನಿಲ್ಲಲಿಲ್ಲ.

ಆಳು, ಆಟ, ಹರಕೆ

ಸರಕಿನ ಹಿಂದೆ ಮನುಷ್ಯರೂ ಹತ್ತಿದರು. ಕೆಳಗೆ ಹೊಟ್ಟೆಗೆ ಸಾಲದಾದಾಗ ಮೇಲಿನ ತೋಟ, ಗದ್ದೆಗಳಿಗೆ ಆಳುಗಳು ಹೋದರು. ಅವರನ್ನು ಗುಂಪು ಕಟ್ಟಿ ಕರೆದೊಯ್ಯುವವನಿಗೆ ‘ಸೇರೆಗಾರ’ ಎಂಬ ಹೆಸರು. ಕುವೆಂಪು ಅವರ ‘ಕಾನೂರು ಹೆಗ್ಗಡಿತಿ’ ಮತ್ತು ‘ಮಲೆಗಳಲ್ಲಿ ಮದುಮಗಳು’ ಕಾದಂಬರಿಗಳಲ್ಲಿ ಘಟ್ಟದ ಕೆಳಗಿನ ಸೇರೆಗಾರರೂ ಆಳುಗಳೂ ಕಥೆಯ ಒಳಗಿನವರೇ. ಎರಡನೆಯ ಕಾದಂಬರಿಯಲ್ಲಿ ಬರುವ ಮೇಗರವಳ್ಳಿ ಆಗುಂಬೆ–ತೀರ್ಥಹಳ್ಳಿ ನಡುವೆ ಇದೇ ರಸ್ತೆಯ ಮೇಲಿದೆ. ಸಾಲ ತೀರಿಸಲು ಘಟ್ಟ ಹತ್ತಿದವರಲ್ಲಿ ಎಷ್ಟೋ ಮಂದಿ ಮತ್ತೆ ಇಳಿಯಲಿಲ್ಲ. ಇಂದು ತೀರ್ಥಹಳ್ಳಿ, ಕೊಪ್ಪದ ಕಡೆ ತುಳು ಮಾತು ಕಿವಿಗೆ ಬಿದ್ದರೆ ಅದರ ಹಿಂದೆ ಒಂದು ಘಾಟಿಯ ನಡಿಗೆ ಇದೆ.

ಯಕ್ಷಗಾನವೂ ಘಟ್ಟ ಹತ್ತಿತು. ಮಂದಾರ್ತಿ ದುರ್ಗಾಪರಮೇಶ್ವರಿಗೆ ಮಲೆನಾಡಿನಲ್ಲಿ ದೊಡ್ಡ ಭಕ್ತವರ್ಗವಿದೆ. ಅವರ ಮನೆಯಂಗಳದ ಹರಕೆ ಆಟಕ್ಕೆ ಮೇಳಗಳು ಘಟ್ಟದ ಮೇಲೆ ಬಿಡಾರ ಹೂಡುತ್ತವೆ. ತಿರುಗಾಟ ಮುಗಿಯುವ ಪತ್ತನಾಜೆಯ ಹೊತ್ತಿಗೆ ಗೆಜ್ಜೆ ಬಿಚ್ಚಿ ಕಲಾವಿದರು ಊರಿಗೆ ಮರಳುವಾಗ ಆಕಾಶದಲ್ಲಿ ಮಳೆಯ ಮೋಡ.

ಆಸ್ಪತ್ರೆಯ ದಾರಿ, ಸೂರ್ಯಾಸ್ತದ ದಾರಿ

1953ರಲ್ಲಿ ಡಾ. ಟಿ.ಎಂ.ಎ. ಪೈ ಅವರು ಮಣಿಪಾಲದ ಬೋಳುಗುಡ್ಡದಲ್ಲಿ ಕಸ್ತೂರಬಾ ವೈದ್ಯಕೀಯ ಕಾಲೇಜು ಕಟ್ಟಿದ ಮೇಲೆ ಘಾಟಿಗೆ ಹೊಸ ಹೊಣೆ ಬಂತು. ತೀರ್ಥಹಳ್ಳಿ, ಕೊಪ್ಪ, ಶೃಂಗೇರಿಯ ಕಡೆಯವರಿಗೆ ದೊಡ್ಡ ಕಾಯಿಲೆ ಎಂದರೆ ‘ಮಣಿಪಾಲಕ್ಕೆ ಕರ್ಕೊಂಡು ಹೋಗಿ’ ಎಂಬ ಮಾತು. ಮಳೆಗಾಲದ ರಾತ್ರಿ ಮಂಜು ಕವಿದ ತಿರುವಿನಲ್ಲಿ ಆಂಬುಲೆನ್ಸಿನ ಸದ್ದು ಕೇಳಿದರೆ, ಹತ್ತುವ ಗಾಡಿಗೇ ಮೊದಲ ಹಕ್ಕು ಎಂಬ ನಿಯಮ ತಾನಾಗಿ ಪಕ್ಕಕ್ಕೆ ಸರಿಯುತ್ತದೆ. ಮೇಲೇರುತ್ತಿರುವ ಬಸ್ಸೂ ಧರೆಗೆ ಒತ್ತಿ ನಿಲ್ಲುತ್ತದೆ. ಅಂಥ ಹೊತ್ತಿನಲ್ಲಿ ಬಸ್ಸಿನೊಳಗೆ ಯಾರೂ ಮಾತಾಡುವುದಿಲ್ಲ.

1980ರ ದಶಕದಲ್ಲಿ ಶಂಕರ್ ನಾಗ್ ‘ಮಾಲ್ಗುಡಿ ಡೇಸ್’ ಧಾರಾವಾಹಿಯನ್ನು ಆಗುಂಬೆಯಲ್ಲಿ ಚಿತ್ರಿಸಿದರು. ಊರಿನ ಹೆಸರು ದೇಶಕ್ಕೆ ಗೊತ್ತಾಯಿತು. ಘಾಟಿಯ ಮೇಲ್ತುದಿಯ ಕಟ್ಟೆಯಿಂದ ಅರಬ್ಬಿ ಸಮುದ್ರದ ಸೂರ್ಯಾಸ್ತ ನೋಡಲು ಶನಿವಾರ, ಭಾನುವಾರ ಕಾರುಗಳ ಸಾಲು. ಮಣಿಪಾಲದ ವಿದ್ಯಾರ್ಥಿಗಳು ಬೈಕಿನಲ್ಲಿ ಮಳೆ ನೋಡಲೆಂದೇ ಬರುತ್ತಾರೆ. ಹಿಂದೆ ಆಚೆ ದಾಟುವುದಕ್ಕೆಂದು ಬಳಸಿದ ದಾರಿ ಈಗ ಅನೇಕರಿಗೆ ಬಂದು ನಿಲ್ಲುವ ತಾಣ.

ನೀರಿಗೂ ದಾರಿ ಬೇಕು

ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,600 ಮಿಲಿಮೀಟರ್‌ನಷ್ಟು ಮಳೆ. 1946ರ ಆಗಸ್ಟ್ ಒಂದೇ ತಿಂಗಳಲ್ಲಿ 4,508 ಮಿಲಿಮೀಟರ್ ಸುರಿದ ದಾಖಲೆ ಇದೆ. ಅಷ್ಟು ನೀರು ಇಳಿಜಾರಿನಲ್ಲಿ ಬಂದಾಗ ರಸ್ತೆ ಉಳಿಯುವುದು ಟಾರಿನ ದಪ್ಪದಿಂದಲ್ಲ, ಧರೆಯ ಬುಡದ ಚರಂಡಿಯಿಂದ. ಚರಂಡಿ ತೆರೆದಿದ್ದರೆ ನೀರು ಮೋರಿಗೆ ಬಿದ್ದು, ರಸ್ತೆಯ ಅಡಿಯಿಂದ ದಾಟಿ ಹಳ್ಳ ಸೇರುತ್ತದೆ. ಒಂದು ಕೊಂಬೆ, ನಾಲ್ಕು ಕಲ್ಲು, ಒಂದು ರಾಶಿ ಪ್ಲಾಸ್ಟಿಕ್ ಮೋರಿಯ ಬಾಯಿ ಕಟ್ಟಿದರೆ ಅದೇ ನೀರು ರಸ್ತೆಯ ಮೇಲೆ ಹರಿದು, ಹೊರ ಅಂಚಿನ ಮಣ್ಣು ಕೊರೆದು, ಕಟ್ಟೆಯನ್ನೇ ಕೆಳಗೆ ಎಳೆಯುತ್ತದೆ. ಭಾರಿ ವಾಹನಗಳಿಗೆ ಇಲ್ಲಿ ನಿರ್ಬಂಧ ಹಾಕುವುದು, ಹುಲಿಕಲ್‌ನ ಬಾಳೆಬರೆ ಘಾಟಿಯ ಕಡೆ ತಿರುಗಿಸುವುದು ಇದೇ ಭಯಕ್ಕೆ.

ರಸ್ತೆಯ ಎರಡೂ ಬದಿ ಕಾಡು. 1974ರಲ್ಲಿ ಘೋಷಣೆಯಾದ ಸೋಮೇಶ್ವರ ವನ್ಯಜೀವಿ ಧಾಮ ಇಲ್ಲಿದೆ. ಸೀತಾನದಿ ಈ ಕಣಿವೆಯಲ್ಲೇ ಇಳಿಯುತ್ತದೆ. ಕಾಳಿಂಗ ಸರ್ಪದ ಅಧ್ಯಯನಕ್ಕೆ ಹೆಸರಾದ ಆಗುಂಬೆ ಮಳೆಕಾಡು ಸಂಶೋಧನಾ ಕೇಂದ್ರವನ್ನು ರಾಮ್ಯುಲಸ್ ವಿಟೇಕರ್ 2005ರಲ್ಲಿ ಆರಂಭಿಸಿದರು. ಸಿಂಗಳೀಕ ನೆಲಕ್ಕಿಳಿಯುವುದು ಕಡಿಮೆ, ಕೊಂಬೆಯಿಂದ ಕೊಂಬೆಗೆ ಹಾರಿ ರಸ್ತೆ ದಾಟುತ್ತದೆ. ಮೇಲೆ ಎರಡು ಮರಗಳ ಕೈ ತಾಗುವಷ್ಟು ರಸ್ತೆ ಕಿರಿದಾಗಿದ್ದರೆ ಮಾತ್ರ ಅದು ಸಾಧ್ಯ. ಕಟ್ಟೆಯ ಮೇಲೆ ಕೂತ ಮಂಗಗಳಿಗೆ ಚಿಪ್ಸ್ ಎಸೆಯುವವರು ಅವುಗಳಿಗೆ ಕಾಡು ಮರೆಸಿ ಚಕ್ರದ ಬುಡಕ್ಕೆ ಕರೆಯುತ್ತಿದ್ದಾರೆ.

ಅಗಲ ಮಾಡಬೇಕು, ಸುರಂಗ ಕೊರೆಯಬೇಕು ಎಂಬ ಪ್ರಸ್ತಾಪಗಳಿವೆ. ಘಟ್ಟದ ಮೇಲಿನ ರೋಗಿಯ ತುರ್ತನ್ನು ಬಲ್ಲ ಯಾರೂ ಆ ಬೇಡಿಕೆಯನ್ನು ತಳ್ಳಿಹಾಕಲಾರರು. ಆದರೆ ಏನೇ ಮಾಡುವ ಮುನ್ನ ನೀರಿಗೂ ಸಿಂಗಳೀಕಕ್ಕೂ ದಾರಿ ಎಲ್ಲಿ ಎಂದು ಕೇಳಬೇಕು. ಎತ್ತಿನ ಉಸಿರನ್ನು ಲೆಕ್ಕಕ್ಕೆ ತೆಗೆದುಕೊಂಡ ಹಿರಿಯರಿಂದ ನಾವು ಕಲಿಯಬೇಕಾದ್ದು ಅಷ್ಟೇ. ತನಗಿಂತ ಕಷ್ಟದಲ್ಲಿರುವವರಿಗೆ ಜಾಗ ಬಿಟ್ಟು ಬಂದದ್ದರಿಂದಲೇ ಈ ದಾರಿ ಇಷ್ಟು ಕಾಲ ಬಾಳಿದೆ.

ಮಳೆ ಹೊಳವಾದ ಒಂದು ಬೆಳಿಗ್ಗೆ ಘಾಟಿಯಲ್ಲಿ ಬಸ್ಸು ನಿಂತಿತ್ತು. ಕಂಬಳಿಕೊಪ್ಪೆ ಹಾಕಿದ ಒಬ್ಬರು ಮೋರಿಯ ಬಾಯಿಗೆ ಹಾರೆ ಹಾಕಿ ಮೀಟುತ್ತಿದ್ದರು. ಕೊಳೆತ ಎಲೆಯ ಮುದ್ದೆ ಸಡಿಲಿತು. ರಸ್ತೆಯ ಮೇಲೆ ಹರಿಯುತ್ತಿದ್ದ ಕೆಂಪು ನೀರು ಒಂದು ಗಳಿಗೆ ತಡೆದು, ಸುಳಿ ಸುತ್ತಿ, ಗಳಗಳನೆ ಒಳಗಿಳಿಯಿತು. ಅವರು ಬದಿಗೆ ಸರಿದು ಕೈ ತೋರಿಸಿದರು. ಬಸ್ಸು ಮೇಲಕ್ಕೆ ಹೊರಟಿತು.