ಮೂಲನಿವಾಸಿ ಮಕ್ಕಳ ಸಾಂಸ್ಕೃತಿಕ ಸುರಕ್ಷತೆ: ಆಸ್ಟ್ರೇಲಿಯಾದ ಅನುಭವ ಮತ್ತು ಗ್ರಾಮ ಪಂಚಾಯತಿಗಳ ಹೊಣೆ

ಗ್ರಾಮ ಪಂಚಾಯತಿಯ ಸಭೆಯಲ್ಲಿ ಮಕ್ಕಳ ಸುರಕ್ಷತೆಯ ವಿಷಯ ಚರ್ಚೆಗೆ ಬಂದಾಗ ಶಾಲೆಯ ಆವರಣ ಗೋಡೆ, ಶೌಚಾಲಯ, ಶುದ್ಧ ಕುಡಿಯುವ ನೀರು, ಅಂಗನವಾಡಿಯ ಸೋರುವ ಛಾವಣಿ, ಮುಚ್ಚದೆ ಬಿಟ್ಟ ಕೊಳವೆಬಾವಿ ಇವುಗಳ ಪ್ರಸ್ತಾಪವೇ ಹೆಚ್ಚು. ಇವೆಲ್ಲವೂ ಅಗತ್ಯವಾದವು, ಅಳತೆಗೆ ಸಿಗುವಂಥವು, ಕ್ರಿಯಾಯೋಜನೆಯಲ್ಲಿ ಸೇರಿಸಬಹುದಾದಂಥವು. ಆದರೆ ಗೋಡೆಯೂ ಛಾವಣಿಯೂ ಇರುವ ಕಟ್ಟಡದೊಳಗೇ ಒಂದು ಮಗು ತನ್ನ ಹೆಸರನ್ನು, ಭಾಷೆಯನ್ನು, ಬಂಧುಬಳಗವನ್ನು ಕಳೆದುಕೊಳ್ಳಬಹುದು. ಇದು ಊಹೆಯ ಮಾತಲ್ಲ. ಆಸ್ಟ್ರೇಲಿಯಾದ ಮೂಲನಿವಾಸಿ ಮಕ್ಕಳ ವಿಷಯದಲ್ಲಿ ಹಲವು ದಶಕಗಳ ಕಾಲ ನಡೆದ ಸಂಗತಿ. ಆ ದೇಶವು ತನ್ನ ತಪ್ಪಿನಿಂದ ಕಲಿತು ಈಗ ರೂಪಿಸಿಕೊಂಡಿರುವ ವ್ಯವಸ್ಥೆಗೆ ‘ಸಾಂಸ್ಕೃತಿಕ ಸುರಕ್ಷತೆ’ ಎಂಬ ಹೆಸರಿದೆ. ಆದಿವಾಸಿ ಕುಟುಂಬಗಳು ವಾಸಿಸುವ ಗ್ರಾಮ ಪಂಚಾಯತಿಗಳ ಸದಸ್ಯರಿಗೆ ಈ ಪರಿಕಲ್ಪನೆಯ ಪರಿಚಯ ಉಪಯುಕ್ತವಾಗಬಲ್ಲದು.

ಸಾಂಸ್ಕೃತಿಕ ಸುರಕ್ಷತೆ ಎಂದರೇನು?

ಈ ಪರಿಕಲ್ಪನೆ ಹುಟ್ಟಿದ್ದು ಆಸ್ಟ್ರೇಲಿಯಾದ ನೆರೆಯ ನ್ಯೂಜಿಲೆಂಡಿನಲ್ಲಿ. 1980ರ ದಶಕದ ಕೊನೆಯಲ್ಲಿ ಅಲ್ಲಿನ ಮಾವೊರಿ ಸಮುದಾಯಕ್ಕೆ ಸೇರಿದ ಶುಶ್ರೂಷಕಿ ಇರಿಹಾಪೆಟಿ ರಾಮ್ಸ್‌ಡೆನ್ ಅವರು ಇದನ್ನು ಶುಶ್ರೂಷಾ ಶಿಕ್ಷಣದ ಭಾಗವಾಗಿ ಬೆಳೆಸಿದರು. ಉತ್ತಮ ಔಷಧಿ, ಉತ್ತಮ ಆಸ್ಪತ್ರೆ ಇದ್ದರೂ ಮಾವೊರಿ ಜನರು ಅಲ್ಲಿಗೆ ಬರಲು ಹಿಂಜರಿಯುತ್ತಿದ್ದರೆ, ದೋಷವನ್ನು ಆ ಜನರಲ್ಲಿ ಹುಡುಕುವ ಬದಲು ಸೇವೆಯ ರೀತಿಯಲ್ಲಿಯೂ ಹುಡುಕಬೇಕು ಎಂಬುದು ಇದರ ತಳಹದಿ.

ಇದರ ತಿರುಳು ಒಂದೇ ವಾಕ್ಯದ್ದು. ಸೇವೆಯು ಸುರಕ್ಷಿತವೇ ಅಲ್ಲವೇ ಎಂಬುದನ್ನು ನಿರ್ಣಯಿಸಬೇಕಾದವರು ಸೇವೆ ಕೊಡುವವರಲ್ಲ, ಅದನ್ನು ಪಡೆಯುವವರು. ಪಂಚಾಯತಿ ಸದಸ್ಯರಿಗೆ ಈ ತತ್ತ್ವ ಅಪರಿಚಿತವೇನಲ್ಲ. ಕಾಮಗಾರಿ ಸರಿಯಾಗಿದೆಯೆಂದು ಗುತ್ತಿಗೆದಾರನೇ ಪ್ರಮಾಣಪತ್ರ ಬರೆದುಕೊಳ್ಳುವಂತಿಲ್ಲ. ಉದ್ಯೋಗ ಖಾತರಿಯ ಸಾಮಾಜಿಕ ಲೆಕ್ಕಪರಿಶೋಧನೆಯಲ್ಲಿ ಕೂಲಿಕಾರರ ಮನೆಬಾಗಿಲಿಗೆ ಹೋಗಿ ಕೇಳಲಾಗುತ್ತದೆ. ಅದೇ ನಿಯಮವನ್ನು ಮಗುವಿನ ಗೌರವಕ್ಕೂ ಅನ್ವಯಿಸುವುದೇ ಸಾಂಸ್ಕೃತಿಕ ಸುರಕ್ಷತೆ.

ಹಿತದ ಹೆಸರಿನಲ್ಲಿ ನಡೆದ ಅನ್ಯಾಯ

1788ರಲ್ಲಿ ಬ್ರಿಟಿಷರು ನೆಲೆಯೂರುವ ಹೊತ್ತಿಗೆ ಆಸ್ಟ್ರೇಲಿಯಾದಲ್ಲಿ 250ಕ್ಕೂ ಹೆಚ್ಚು ಭಾಷೆಗಳಿದ್ದವು. ಅಂದರೆ ‘ಮೂಲನಿವಾಸಿಗಳು’ ಎಂಬ ಒಂದೇ ಪದದ ಕೆಳಗೆ ನೂರಾರು ಪ್ರತ್ಯೇಕ ಜನಸಮುದಾಯಗಳಿವೆ. 2021ರ ಜನಗಣತಿಯಲ್ಲಿ 8,12,728 ಮಂದಿ ತಾವು ಮೂಲನಿವಾಸಿಗಳು ಅಥವಾ ಟಾರೆಸ್ ಜಲಸಂಧಿಯ ದ್ವೀಪವಾಸಿಗಳೆಂದು ಗುರುತಿಸಿಕೊಂಡಿದ್ದಾರೆ. ಇದು ಆ ದೇಶದ ಜನಸಂಖ್ಯೆಯ ಶೇ. 3.2ರಷ್ಟು.

ಇಪ್ಪತ್ತನೆಯ ಶತಮಾನದ ಬಹುಭಾಗದಲ್ಲಿ ಈ ಸಮುದಾಯಗಳ ಮಕ್ಕಳನ್ನು ತಂದೆತಾಯಿಯರಿಂದ ಬೇರ್ಪಡಿಸಿ ಸರ್ಕಾರಿ ನಿಲಯಗಳಿಗೆ, ಮಿಷನರಿ ಸಂಸ್ಥೆಗಳಿಗೆ ಮತ್ತು ಬಿಳಿಯರ ಮನೆಗಳಿಗೆ ಸೇರಿಸಲಾಯಿತು. ನ್ಯೂ ಸೌತ್ ವೇಲ್ಸ್ ರಾಜ್ಯದಲ್ಲಿ 1915ರ ತಿದ್ದುಪಡಿಯ ನಂತರ, ಪಾಲಕರು ಮಗುವನ್ನು ಅಲಕ್ಷಿಸಿದ್ದಾರೆಂದು ನ್ಯಾಯಾಲಯದಲ್ಲಿ ರುಜುವಾತುಪಡಿಸುವ ಅಗತ್ಯವೂ ಇರಲಿಲ್ಲ. ಮೂಲನಿವಾಸಿಗಳ ರಕ್ಷಣೆಗೆಂದೇ ಇದ್ದ ಮಂಡಳಿಯ ತೀರ್ಮಾನವೇ ಸಾಕಾಗಿತ್ತು. ಅದೇ ರಾಜ್ಯದ ಕಿಂಚೆಲ ಎಂಬಲ್ಲಿ 1924ರಿಂದ 1970ರವರೆಗೆ ಮೂಲನಿವಾಸಿ ಬಾಲಕರ ನಿಲಯವೊಂದು ನಡೆಯಿತು. ಅಲ್ಲಿಗೆ ಬಂದ ಬಾಲಕರನ್ನು ಹೆಸರಿನ ಬದಲು ಸಂಖ್ಯೆಯಿಂದ ಕರೆಯಲಾಗುತ್ತಿತ್ತು. ಇಂತಹ ಹಲವು ಸಂಸ್ಥೆಗಳಲ್ಲಿ ತಾಯ್ನುಡಿಯಾಡುವುದಕ್ಕೂ ಮನೆಯವರೊಂದಿಗೆ ಸಂಪರ್ಕವಿಟ್ಟುಕೊಳ್ಳುವುದಕ್ಕೂ ತಡೆಯಿತ್ತು.

1997ರಲ್ಲಿ ಆಸ್ಟ್ರೇಲಿಯಾದ ಸಂಸತ್ತಿನ ಮುಂದೆ ಮಂಡಿತವಾದ ‘ಬ್ರಿಂಗಿಂಗ್ ದೆಮ್ ಹೋಮ್’ ವರದಿಯು 1910ರಿಂದ 1970ರವರೆಗಿನ ಅವಧಿಯಲ್ಲಿ ಪ್ರತಿ ಹತ್ತು ಮೂಲನಿವಾಸಿ ಮಕ್ಕಳಲ್ಲಿ ಒಂದರಿಂದ ಪ್ರತಿ ಮೂರು ಮಕ್ಕಳಲ್ಲಿ ಒಂದರವರೆಗೆ ಹೀಗೆ ಬಲವಂತವಾಗಿ ಬೇರ್ಪಟ್ಟಿರಬಹುದೆಂದು ಅಂದಾಜಿಸಿತು. ಈ ಮಕ್ಕಳನ್ನು ಇಂದು ‘ಅಪಹೃತ ತಲೆಮಾರು’ ಎಂದು ಕರೆಯಲಾಗುತ್ತದೆ. 2008ರ ಫೆಬ್ರುವರಿ 13ರಂದು ಅಂದಿನ ಪ್ರಧಾನಿ ಕೆವಿನ್ ರಡ್ ಅವರು ಸಂಸತ್ತಿನಲ್ಲಿ ಈ ತಲೆಮಾರಿನ ಕ್ಷಮೆ ಕೋರಿದರು.

ಇಲ್ಲಿ ಗಮನಿಸಬೇಕಾದ ಅಂಶವೊಂದಿದೆ. ಈ ಕ್ರಮದಲ್ಲಿ ತೊಡಗಿದ್ದ ಅಧಿಕಾರಿಗಳಲ್ಲಿ ಅನೇಕರು ತಾವು ಮಕ್ಕಳಿಗೆ ಕೇಡು ಮಾಡುತ್ತಿದ್ದೇವೆಂದು ಭಾವಿಸಿರಲಿಲ್ಲ. ಕೊಳಕಿನಿಂದ ಸ್ವಚ್ಛತೆಗೆ, ಹಿಂದುಳಿದ ಬದುಕಿನಿಂದ ನಾಗರಿಕತೆಗೆ ಕರೆತರುತ್ತಿದ್ದೇವೆಂದೇ ನಂಬಿದ್ದರು. ಕಾನೂನುಗಳ ಹೆಸರಿನಲ್ಲಿಯೂ ‘ರಕ್ಷಣೆ’ ಎಂಬ ಪದವಿತ್ತು. ಮಗುವನ್ನಾಗಲಿ ತಾಯಿಯನ್ನಾಗಲಿ ಯಾರೂ ಕೇಳಿರಲಿಲ್ಲ. ಸದುದ್ದೇಶವೊಂದೇ ಸುರಕ್ಷತೆಯ ಖಾತರಿಯಾಗಲಾರದು ಎಂಬ ಪಾಠಕ್ಕೆ ಆ ದೇಶವು ತೆತ್ತ ಬೆಲೆ ಇದು.

ವಿಕ್ಟೋರಿಯಾ ರಾಜ್ಯದ ಮಾನದಂಡ

ಕ್ಷಮಾಯಾಚನೆಯೊಂದಿಗೆ ಸಮಸ್ಯೆ ಮುಗಿಯಲಿಲ್ಲ. ಇಂದಿಗೂ ಆಸ್ಟ್ರೇಲಿಯಾದಲ್ಲಿ ಮೂಲನಿವಾಸಿ ಮಗುವೊಂದು ಹೆತ್ತವರಿಂದ ದೂರವಾಗಿ ಸರ್ಕಾರದ ಪೋಷಣಾ ವ್ಯವಸ್ಥೆಯಲ್ಲಿ ಬೆಳೆಯುವ ಸಂಭವವು ಇತರ ಮಕ್ಕಳಿಗಿಂತ ಹತ್ತು ಪಟ್ಟಿಗೂ ಹೆಚ್ಚು. ವಿಕ್ಟೋರಿಯಾ ರಾಜ್ಯವು 2013ರಲ್ಲಿ ಮೂಲನಿವಾಸಿ ಮಕ್ಕಳಿಗಾಗಿಯೇ ಪ್ರತ್ಯೇಕ ಆಯುಕ್ತರನ್ನು ನೇಮಿಸಿತು. ಮೊದಲ ಆಯುಕ್ತರಾದ ಆಂಡ್ರ್ಯೂ ಜಾಕೊಮೊಸ್ ಅವರ ಕಾಲದಲ್ಲಿ ಇಂತಹ 980 ಮಕ್ಕಳ ಸ್ಥಿತಿಗತಿಯನ್ನು ಒಂದೊಂದಾಗಿ ಪರಿಶೀಲಿಸಲಾಯಿತು. ಒಡಹುಟ್ಟಿದವರಿಂದ ಅಗಲಿದ, ತಮ್ಮ ಸಮುದಾಯದ ಸಂಪರ್ಕವನ್ನೇ ಕಳೆದುಕೊಂಡ ಮಕ್ಕಳು ಬಹಳ ಮಂದಿ ಇರುವುದು ಕಂಡುಬಂದಿತು.

ವಿಕ್ಟೋರಿಯಾದಲ್ಲಿ 2022ರ ಜುಲೈ 1ರಿಂದ ಮಕ್ಕಳ ಸುರಕ್ಷತೆಯ 11 ಮಾನದಂಡಗಳು ಜಾರಿಯಲ್ಲಿವೆ. ಶಾಲೆ, ಶಿಶುವಿಹಾರ, ಆಸ್ಪತ್ರೆ, ಕ್ರೀಡಾಸಂಘ, ಧಾರ್ಮಿಕ ಸಂಸ್ಥೆಗಳಲ್ಲದೆ ಸ್ಥಳೀಯ ಆಡಳಿತ ಸಂಸ್ಥೆಗಳಿಗೂ ಇವು ಅನ್ವಯಿಸುತ್ತವೆ. ಇವುಗಳಲ್ಲಿ ಮೊದಲನೆಯದೇ ಮೂಲನಿವಾಸಿ ಮಕ್ಕಳ ಸಾಂಸ್ಕೃತಿಕ ಸುರಕ್ಷತೆ. ಅದರ ಅಗತ್ಯಗಳನ್ನು ಸಂಕ್ಷೇಪವಾಗಿ ಹೀಗೆ ಹೇಳಬಹುದು:

1. ಮಗುವು ತನ್ನ ಸಂಸ್ಕೃತಿಯನ್ನು ಅಳುಕಿಲ್ಲದೆ ವ್ಯಕ್ತಪಡಿಸಲು ಉತ್ತೇಜನವಿರಬೇಕು.
2. ಸಂಸ್ಥೆಯ ಪ್ರತಿಯೊಬ್ಬರೂ ಆ ಸಂಸ್ಕೃತಿಯ ಸತ್ವವನ್ನು ಅರಿತಿರಬೇಕು. ಮಗುವಿನ ಕ್ಷೇಮಕ್ಕೆ ಅದು ಏಕೆ ಮುಖ್ಯವೆಂಬುದನ್ನು ತಿಳಿದಿರಬೇಕು.
3. ಜನಾಂಗೀಯ ನಿಂದನೆಯನ್ನು ಗುರುತಿಸಿ, ಸಹಿಸದೆ, ತಕ್ಕ ಕ್ರಮ ಕೈಗೊಳ್ಳಬೇಕು.
4. ಮಕ್ಕಳೂ ಅವರ ಕುಟುಂಬದವರೂ ಸಂಸ್ಥೆಯ ಕಾರ್ಯದಲ್ಲಿ ಪಾಲ್ಗೊಳ್ಳಲು ಅನುವು ಮಾಡಿಕೊಡಬೇಕು.
5. ಸಂಸ್ಥೆಯ ನಿಯಮ, ನೀತಿ, ಕಾರ್ಯವಿಧಾನಗಳೆಲ್ಲವೂ ಒಟ್ಟಾಗಿ ಇಂತಹ ವಾತಾವರಣಕ್ಕೆ ಪೂರಕವಾಗಿರಬೇಕು.

ನಿತ್ಯದ ನಡವಳಿಕೆಯಲ್ಲಿ ಇದರ ರೂಪ

ಗೋಡೆಯ ಮೇಲೆ ಮೂಲನಿವಾಸಿಗಳ ಧ್ವಜವೊಂದನ್ನು ತೂಗುಹಾಕಿದ ಮಾತ್ರಕ್ಕೆ ಮಾನದಂಡ ಪಾಲನೆಯಾಗುವುದಿಲ್ಲ. ಅದು ಸ್ವಾಗತದ ಸೂಚನೆಯಷ್ಟೆ. ಮುಖ್ಯವಾದುದು ದಿನನಿತ್ಯದ ನಡವಳಿಕೆ.

ಅನೇಕ ಮೂಲನಿವಾಸಿ ಸಮುದಾಯಗಳಲ್ಲಿ ಹಿರಿಯರ ಕಣ್ಣಿಗೆ ಕಣ್ಣಿಟ್ಟು ನೋಡದಿರುವುದು ಗೌರವದ ಲಕ್ಷಣ. ಇದನ್ನರಿಯದ ಶಿಕ್ಷಕರು ಅಂತಹ ಮಗುವನ್ನು ಕಳ್ಳನೋಟದವನೆಂದೋ ಉದಾಸೀನನೆಂದೋ ತಪ್ಪಾಗಿ ತಿಳಿಯುತ್ತಾರೆ. ಯಾರಾದರೂ ತೀರಿಕೊಂಡಾಗ ಬಂಧುಬಳಗವೆಲ್ಲ ಸೇರಿ ಹಲವು ದಿನ ಶೋಕಾಚರಣೆ ನಡೆಸುವುದುಂಟು. ಹಲವೆಡೆ ಮೃತರ ಹೆಸರನ್ನು ಉಚ್ಚರಿಸುವುದಿಲ್ಲ. ಇದನ್ನರಿತ ಶಾಲೆಯು ಆ ದಿನಗಳ ಗೈರುಹಾಜರಿಯನ್ನು ಶಿಸ್ತಿನ ಉಲ್ಲಂಘನೆಯೆಂದು ಪರಿಗಣಿಸುವುದಿಲ್ಲ. ಮಗುವಿನ ಪಾಲನೆ ಹೆತ್ತವರಿಬ್ಬರಿಗೇ ಸೀಮಿತವಾಗಿರದೆ ಅಜ್ಜಿ, ಚಿಕ್ಕಮ್ಮ, ಸೋದರಮಾವಂದಿರ ನಡುವೆ ಹಂಚಿಕೆಯಾಗಿರುತ್ತದೆ. ಪಾಲಕರ ಸಭೆಗೆ ಅಜ್ಜಿ ಬಂದರೆ ‘ತಾಯಿ ಏಕೆ ಬರಲಿಲ್ಲ’ ಎಂದು ಪ್ರಶ್ನಿಸದೆ ಆಕೆಯನ್ನು ಪಾಲಕಿಯೆಂದೇ ಬರಮಾಡಿಕೊಳ್ಳುವುದು ಸರಿಯಾದ ಕ್ರಮ.

ಆರೋಗ್ಯದ ಉದಾಹರಣೆಯೂ ಇದೆ. ಮಧ್ಯಕಿವಿಯ ಸೋಂಕು ದೂರದ ಪ್ರದೇಶಗಳ ಮೂಲನಿವಾಸಿ ಮಕ್ಕಳಲ್ಲಿ ಬಹಳ ಹೆಚ್ಚು. ಕಿವಿ ಮಂದವಾದ ಮಗುವು ಕರೆದರೆ ಓಗೊಡುವುದಿಲ್ಲ, ಹೇಳಿದ್ದನ್ನು ಮಾಡುವುದಿಲ್ಲ. ‘ಈ ಜನರ ಮಕ್ಕಳೇ ಹೀಗೆ’ ಎಂಬ ಪೂರ್ವಗ್ರಹವಿದ್ದಲ್ಲಿ ಆ ಮಗುವಿಗೆ ಸಿಗುವುದು ಚಿಕಿತ್ಸೆಯಲ್ಲ, ಶಿಕ್ಷೆ.

ಇದಕ್ಕಿಂತ ಮುಂದಿನ ಹೆಜ್ಜೆಯೆಂದರೆ ಅಧಿಕಾರದ ಹಸ್ತಾಂತರ. ವಿಕ್ಟೋರಿಯಾದಲ್ಲಿ 1970ರ ದಶಕದಲ್ಲಿ ಮೂಲನಿವಾಸಿಗಳೇ ಕಟ್ಟಿಕೊಂಡ ಮಕ್ಕಳ ಪಾಲನಾ ಸಂಸ್ಥೆಯೊಂದಿದೆ. ಸರ್ಕಾರದ ರಕ್ಷಣೆಯಲ್ಲಿರುವ ಮೂಲನಿವಾಸಿ ಮಕ್ಕಳ ಬಗ್ಗೆ ತೀರ್ಮಾನ ಕೈಗೊಳ್ಳುವ ಶಾಸನಬದ್ಧ ಅಧಿಕಾರವನ್ನು 2017ರಲ್ಲಿ ಮೊದಲ ಬಾರಿಗೆ ಈ ಸಂಸ್ಥೆಗೆ ವಹಿಸಲಾಯಿತು. ಮಗುವನ್ನು ಮನೆಯಿಂದ ಬೇರ್ಪಡಿಸಲೇಬೇಕಾದಲ್ಲಿ ಮೊದಲು ಬಂಧುಗಳ ಮನೆ, ಅನಂತರ ಅದೇ ಸಮುದಾಯದ ಮನೆ ಎಂಬ ಆದ್ಯತಾ ಕ್ರಮವನ್ನೂ ಅಲ್ಲಿನ ಕಾನೂನು ಒಪ್ಪಿಕೊಂಡಿದೆ.

ಕರ್ನಾಟಕದ ಪಂಚಾಯತಿಗಳಿಗೆ ಇದರ ಪ್ರಸ್ತುತತೆ

ಎರಡು ದೇಶಗಳ ಇತಿಹಾಸ ಒಂದೇ ಅಲ್ಲ. ಒಂದರ ನಿಯಮವನ್ನು ಇನ್ನೊಂದಕ್ಕೆ ಹಾಗೆಯೇ ಹೊಂದಿಸಲಾಗದು. ಆದರೆ ಪ್ರಶ್ನೆ ಕೇಳುವ ಕ್ರಮವನ್ನು ಎರವಲು ಪಡೆಯಬಹುದು. ಕರ್ನಾಟಕದಲ್ಲಿ ಜೇನುಕುರುಬ ಮತ್ತು ಕೊರಗ ಸಮುದಾಯಗಳನ್ನು ವಿಶೇಷವಾಗಿ ದುರ್ಬಲವಾದ ಬುಡಕಟ್ಟು ಗುಂಪುಗಳೆಂದು ಗುರುತಿಸಲಾಗಿದೆ. ಸೋಲಿಗ, ಬೆಟ್ಟಕುರುಬ, ಯರವ, ಮಲೆಕುಡಿಯ, ಸಿದ್ದಿ ಮುಂತಾದ ಸಮುದಾಯಗಳೂ ಇವೆ. ಈ ಸಮುದಾಯಗಳ ಅನೇಕ ಮಕ್ಕಳು ಹಾಡಿ, ಪೋಡು, ಕೊಪ್ಪಗಳಿಂದ ಅಂಗನವಾಡಿಗೆ, ಶಾಲೆಗೆ, ಆಶ್ರಮ ಶಾಲೆಗೆ ಬರುತ್ತಾರೆ. ಮನೆಯಲ್ಲಿ ಆಡುವ ಮಾತು ಪಠ್ಯಪುಸ್ತಕದ ಕನ್ನಡಕ್ಕಿಂತ ಬೇರೆಯಾಗಿರುವುದುಂಟು.

ಕಾನೂನಿನ ಬೆಂಬಲಕ್ಕೆ ಕೊರತೆಯಿಲ್ಲ. ಕೊರಗರನ್ನು ಕೀಳಾಗಿ ನಡೆಸಿಕೊಳ್ಳುವ ಅಜಲು ಪದ್ಧತಿಯನ್ನು 2000ದ ರಾಜ್ಯ ಕಾಯ್ದೆಯು ನಿಷೇಧಿಸಿದೆ. ಕಾರ್ಯಸಾಧ್ಯವಾದ ಮಟ್ಟಿಗೆ ಮಗುವಿನ ಮಾತೃಭಾಷೆಯಲ್ಲಿಯೇ ಬೋಧನೆ ನಡೆಯಬೇಕೆಂದು 2009ರ ಶಿಕ್ಷಣ ಹಕ್ಕು ಕಾಯ್ದೆ ಹೇಳುತ್ತದೆ. ಪರಿಶಿಷ್ಟ ಪಂಗಡಗಳ ಶೈಕ್ಷಣಿಕ ಮತ್ತು ಸಾಂಸ್ಕೃತಿಕ ಹಿತವನ್ನು ಕಾಯುವುದು ಪ್ರತಿ ಗ್ರಾಮ ಪಂಚಾಯತಿಯ ಸಾಮಾಜಿಕ ನ್ಯಾಯ ಸಮಿತಿಯ ಶಾಸನಬದ್ಧ ಕಾರ್ಯವಾಗಿದೆ. ಮಕ್ಕಳ ಮಾತನ್ನು ಆಲಿಸಲು ಮಕ್ಕಳ ಗ್ರಾಮಸಭೆಯಿದೆ. ಈ ವೇದಿಕೆಗಳಲ್ಲಿ ಸದಸ್ಯರು ಕೆಳಕಂಡ ಪ್ರಶ್ನೆಗಳನ್ನು ಎತ್ತಬಹುದು.

1. ಮನೆಯವರು ಇಟ್ಟ ಹೆಸರಿನಿಂದಲೇ ಮಗುವನ್ನು ದಾಖಲಿಸಿ ಕರೆಯಲಾಗುತ್ತಿದೆಯೇ, ಅಥವಾ ಉಚ್ಚಾರಣೆ ಕಷ್ಟವೆಂದು ಬೇರೆ ಹೆಸರು ಕೊಡಲಾಗಿದೆಯೇ? ‘ಹಾಡಿಯವರು’ ಎಂದೋ ಸಮುದಾಯದ ಹೆಸರು ಹಿಡಿದೋ ಕರೆಯುವ ರೂಢಿಯಿದೆಯೇ?

2. ಅಂಗನವಾಡಿಯಲ್ಲಿ ಮಗುವಿನ ಮನೆಮಾತು ಬಲ್ಲವರು ಒಬ್ಬರಾದರೂ ಇದ್ದಾರೆಯೇ? ಇಲ್ಲದಿದ್ದಲ್ಲಿ ಹಾಡಿಯ ತಾಯಂದಿರ ನೆರವು ಪಡೆಯಲಾಗಿದೆಯೇ?

3. ನಿಂದನೆಗೆ ಗುರಿಯಾದ ಮಗು ಯಾರಿಗೆ ಹೇಳಿಕೊಳ್ಳಬೇಕೆಂಬುದು ಆ ಮಗುವಿಗೆ ತಿಳಿದಿದೆಯೇ? ‘ತಮಾಷೆಗೆ ಅಂದದ್ದು’ ಎಂಬ ಸಮಜಾಯಿಷಿಯಲ್ಲೇ ದೂರು ಮುಗಿದುಹೋಗುತ್ತಿದೆಯೇ?

4. ದೀರ್ಘ ಗೈರುಹಾಜರಿಗೆ ಕಾರಣವೇನೆಂದು ಮನೆಗೆ ಹೋಗಿ ಕೇಳಲಾಗಿದೆಯೇ? ಸಮುದಾಯದ ಹಬ್ಬ, ಸಾವು, ಜೇನು ಸಂಗ್ರಹದ ಕಾಲ ಇವುಗಳ ಅರಿವು ಶಾಲೆಗಿದೆಯೇ?

5. ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಯಲ್ಲಿರುವ ಆದಿವಾಸಿ ಪಾಲಕರು ಸಭೆಯಲ್ಲಿ ಮಾತನಾಡುತ್ತಾರೆಯೇ, ಅಥವಾ ಸಹಿಗೆ ಮಾತ್ರ ಸೀಮಿತರೇ?

6. ಆದಿವಾಸಿ ಮಕ್ಕಳನ್ನು ಕಾರ್ಯಕ್ರಮಗಳಲ್ಲಿ ಕುಣಿತದ ಪ್ರದರ್ಶನಕ್ಕೆ ಮಾತ್ರ ಕರೆಯಲಾಗುತ್ತಿದೆಯೇ? ಅವರ ಹಿರಿಯರ ಕಾಡಿನ ತಿಳಿವಳಿಕೆ, ಹಾಡು, ಕಥೆಗಳಿಗೆ ತರಗತಿಯಲ್ಲಿ ಸ್ಥಾನವಿದೆಯೇ?

7. ಆಶ್ರಮ ಶಾಲೆಯಲ್ಲಿರುವ ಮಗುವನ್ನು ಮನೆಯವರು ಸಂಕೋಚವಿಲ್ಲದೆ ಬಂದು ಕಾಣಬಹುದೇ?

ಇವುಗಳಲ್ಲಿ ಹೆಚ್ಚಿನವಕ್ಕೆ ಅನುದಾನದ ಅವಶ್ಯಕತೆಯಿಲ್ಲ. ಕ್ರಿಯಾಯೋಜನೆಗೆ ಅನುಮೋದನೆ ಬರುವವರೆಗೆ ಕಾಯಬೇಕಾಗಿಯೂ ಇಲ್ಲ. ಆದರೆ ಉತ್ತರವನ್ನು ಮುಖ್ಯ ಶಿಕ್ಷಕರಿಂದ ಅಥವಾ ನಿಲಯಪಾಲಕರಿಂದ ಮಾತ್ರ ಪಡೆದರೆ ಪರಿಶೀಲನೆ ಪೂರ್ಣವಾಗುವುದಿಲ್ಲ. ಸಾಮಾಜಿಕ ನ್ಯಾಯ ಸಮಿತಿಯ ಸದಸ್ಯರು ಹಾಡಿಗೇ ಹೋಗಿ, ಮಕ್ಕಳೊಂದಿಗೂ ಅಜ್ಜಿಯರೊಂದಿಗೂ ಕುಳಿತು, ಅವರ ಅನುಕೂಲದ ಹೊತ್ತಿನಲ್ಲಿ ಕೇಳಬೇಕು. ಮೊದಲ ಭೇಟಿಯಲ್ಲೇ ಎಲ್ಲರೂ ಬಾಯಿ ಬಿಡುತ್ತಾರೆಂಬ ನಿರೀಕ್ಷೆ ಬೇಡ. ಮೌನವನ್ನು ಒಪ್ಪಿಗೆಯೆಂದು ದಾಖಲಿಸುವುದೂ ಬೇಡ. ದೊರೆತ ಉತ್ತರಗಳನ್ನು ಸಭೆಯ ನಡವಳಿಯಲ್ಲಿ ಬರೆದು, ಕೈಗೊಂಡ ಕ್ರಮವನ್ನು ಮುಂದಿನ ಭೇಟಿಯಲ್ಲಿ ಅದೇ ಜನರಿಗೆ ತಿಳಿಸಬೇಕು. ಕೇಳಿಹೋದವರು ಮತ್ತೆ ಬಂದರೆಂಬುದೇ ನಂಬಿಕೆಯ ಮೊದಲ ಮೆಟ್ಟಿಲು.

ಕಿಂಚೆಲದ ನಿಲಯಕ್ಕೂ ದಾಖಲೆಗಳಿದ್ದವು. ಅಲ್ಲಿಯೂ ಹಾಜರಿ ಪುಸ್ತಕವಿದ್ದಿರಬೇಕು. ಮಕ್ಕಳ ಎಣಿಕೆ ತಪ್ಪಿರಲಿಲ್ಲ, ತಪ್ಪಿಹೋದದ್ದು ಅವರ ಹೆಸರು. ಪಂಚಾಯತಿಯ ವ್ಯಾಪ್ತಿಯ ಯಾವ ಮಗುವೂ ಬರಿಯ ಸಂಖ್ಯೆಯಾಗದಂತೆ ನೋಡಿಕೊಳ್ಳುವುದು, ಆ ಮಗುವನ್ನು ಹೆಸರು ಹಿಡಿದು ಕರೆಯಬಲ್ಲಷ್ಟು ಹತ್ತಿರವಿರುವ ಸ್ಥಳೀಯ ಸರ್ಕಾರದಿಂದ ಸಾಧ್ಯವಾಗಬೇಕಾದ ಕೆಲಸ.