ಹಾವಿಗೇ ಕೇಳಿಸದ ಹಾವಿನ ಭಾಷೆ

ಹಾವಿನೊಡನೆ ಮಾತಾಡುವ ಆಸೆ ಎಲ್ಲ ನಾಡಿನ ಕಥೆಗಾರರಿಗೂ ಇದೆ. ಭಾಷೆ ಕಲಿಯುವ ಕಷ್ಟ ಯಾರಿಗೆ ಎಂಬಲ್ಲಿ ಮಾತ್ರ ದಾರಿ ಬೇರೆಯಾಗುತ್ತದೆ. ನಮ್ಮ ಕಡೆ ಆ ಕಷ್ಟ ಹಾವಿನದೇ. ಮಹಾಭಾರತದ ನಳನ ಕಥೆಯಲ್ಲಿ ಕಾಳ್ಗಿಚ್ಚಿಗೆ ಸಿಕ್ಕಿಬಿದ್ದ ಕಾರ್ಕೋಟಕ ನಳನನ್ನು ಹೆಸರು ಹಿಡಿದು ಕೂಗುತ್ತಾನೆ, ಹೆಜ್ಜೆ ಎಣಿಸುತ್ತ ನಡೆ ಎನ್ನುತ್ತಾನೆ, ಹತ್ತನೆಯ ಹೆಜ್ಜೆಗೆ ಸರಿಯಾಗಿ ಕಚ್ಚುತ್ತಾನೆ. ಸಂಸ್ಕೃತದ ‘ದಶ’ ಎಂದರೆ ಹತ್ತೂ ಹೌದು, ‘ಕಚ್ಚು’ ಎಂಬ ಅಪ್ಪಣೆಯೂ ಹೌದು. ಶ್ಲೇಷೆ ಮಾಡುವಷ್ಟು ಸಂಸ್ಕೃತ ಆ ಹಾವಿಗೆ ಬರುತ್ತಿತ್ತು. ಗಿರೀಶ ಕಾರ್ನಾಡರ ‘ನಾಗಮಂಡಲ’ದ ನಾಗನಂತೂ ಗಂಡನ ರೂಪ ತಾಳಿ ಬಂದು ಅಚ್ಚ ಕನ್ನಡದಲ್ಲೇ ಮಾತಾಡುತ್ತಾನೆ. ಆ ನಾಟಕ ನಾಗಾಭರಣರ ಕೈಯಲ್ಲಿ ಸಿನಿಮಾ ಆದದ್ದು 1997ರಲ್ಲಿ. ಅದೇ ವರ್ಷ ಜೆ.ಕೆ. ರೌಲಿಂಗ್ ಅವರ ಮೊದಲ ಹ್ಯಾರಿ ಪಾಟರ್ ಕಾದಂಬರಿ ಹೊರಬಂತು. ಅದರಲ್ಲಿ ವ್ಯವಹಾರ ತಿರುಗುಮುರುಗು: ಮೃಗಾಲಯದ ಗಾಜಿನ ಮುಂದೆ ನಿಂತ ಹುಡುಗ ಹಾವಿನ ಭಾಷೆಯಲ್ಲಿ ಮಾತಾಡುತ್ತಾನೆ. ಮುಂದಿನ ಪುಸ್ತಕದಲ್ಲಿ ಆ ಭಾಷೆಗೆ ಪಾರ್ಸೆಲ್‌ಟಂಗ್ ಎಂಬ ಹೆಸರು ಸಿಗುತ್ತದೆ. ಮೃಗಾಲಯದ ಆ ಹಾವು ಹುಡುಗನಿಗೆ ಕಣ್ಣನ್ನೂ ಮಿಟುಕಿಸುತ್ತದೆ. ಹಾವಿಗೆ ರೆಪ್ಪೆಯೇ ಇಲ್ಲ, ಮಿಟುಕಿಸುವುದೆಲ್ಲಿಂದ? ಕಲ್ಲಿನ ಬದುವಿನಲ್ಲಿ ಸಿಕ್ಕಿಕೊಂಡ ಹಾವಿನ ಪೊರೆಯ ತಲೆಯ ಭಾಗವನ್ನು ಬೆಳಕಿಗೆ ಹಿಡಿದು ನೋಡಿದರೆ, ಕಣ್ಣಿದ್ದ ಜಾಗದಲ್ಲಿ ತೂತು ಕಾಣುವುದಿಲ್ಲ; ಗಡಿಯಾರದ ಗಾಜಿನಂತೆ ದುಂಡಗಿನ ಪಾರದರ್ಶಕ ಬಿಲ್ಲೆ ಇರುತ್ತದೆ. ಕಣ್ಣನ್ನು ಮುಚ್ಚಿಕೊಂಡಿರುವ ಆ ಬಿಲ್ಲೆಯೂ ಪೊರೆಯ ಜತೆಗೇ ಕಳಚಿ ಬರುತ್ತದೆ.

ಈ ಭಾಷೆಯನ್ನು ಕಲಿಯಬಹುದೇ ಎಂದು ಕೇಳುವ ಓದುಗರು ಲೋಕದ ತುಂಬ ಇದ್ದಾರೆ. ಕಾದಂಬರಿಯೇ ಇಬ್ಬಗೆಯ ಉತ್ತರ ಕೊಡುತ್ತದೆ. ಹ್ಯಾರಿ ಯಾರಿಂದಲೂ ಕಲಿತದ್ದಲ್ಲ. ತಾನು ಇಂಗ್ಲಿಷ್ ಮಾತಾಡುತ್ತಿದ್ದೇನೆ ಎಂದೇ ಅವನ ಎಣಿಕೆ, ಪಕ್ಕದಲ್ಲಿ ನಿಂತವರಿಗೆ ಕೇಳುವುದು ಬರೀ ಬುಸ್ ಬುಸ್. ಅವನ ಗೆಳೆಯ ರಾನ್ ಮಾತ್ರ 2007ರ ಕೊನೆಯ ಪುಸ್ತಕದಲ್ಲಿ ಒಂದೇ ಒಂದು ಮಾತನ್ನು ಕೇಳಿದ ನೆನಪಿನಿಂದ ಅನುಕರಿಸಿ ಬಾಗಿಲು ತೆರೆಸುತ್ತಾನೆ. ಅದನ್ನು ಭಾಷೆ ಕಲಿತದ್ದು ಎನ್ನಲಾಗದು, ಗಿಳಿಪಾಠ ಅಷ್ಟೆ. ಕಿಪ್ಲಿಂಗ್ 1894ರಲ್ಲೇ ಇದಕ್ಕಿಂತ ಚೆನ್ನಾಗಿ ಯೋಚಿಸಿದ್ದ: ಹಾವಿನ ಮಾತನ್ನು ಉಚ್ಚರಿಸಲು ಕರಡಿ ಬಾಲೂವಿಗೆ ಬಾರದ್ದರಿಂದ, ಆನೆ ಹಾಥಿ ಮೋಗ್ಲಿಯನ್ನು ಮಡುವಿಗೆ ಕರೆದುಕೊಂಡು ಹೋಗಿ ನೀರುಹಾವಿನ ಬಾಯಿಂದಲೇ ಹೇಳಿಸುತ್ತದೆ. ಹ್ಯಾರಿ ಪಾಟರ್ ಸಿನಿಮಾಗಳಿಗೆ ಪಾರ್ಸೆಲ್‌ಟಂಗ್ ಕಟ್ಟಿಕೊಟ್ಟವರು ಕೇಂಬ್ರಿಜ್‌ನ ಧ್ವನಿವಿಜ್ಞಾನದ ಪ್ರಾಧ್ಯಾಪಕ ಫ್ರಾನ್ಸಿಸ್ ನೋಲನ್. ನಟರ ನಾಲಿಗೆಗೆ ಬೇಕಾದದ್ದನ್ನು ಅವರು ಮಾಡಿದರು, ಅದರಲ್ಲಿ ತಕರಾರಿಲ್ಲ. ಕಲ್ಪನೆಯ ಭಾಷೆಗೆ ವಿಜ್ಞಾನದ ತಕ್ಕಡಿ ಹಿಡಿಯುವುದು ಅರಸಿಕತನ ಎನ್ನುವವರೂ ಇದ್ದಾರೆ. ರಾಕ್ಷಸ ಹತ್ತು ತಲೆ ಹೊತ್ತು ಹೇಗೆ ಮಲಗುತ್ತಾನೆ ಎಂದು ಕೇಳುವುದು ಅರಸಿಕತನವೇ. ಆದರೆ ಹಾವು ಕಥೆಯ ಪ್ರಾಣಿ ಮಾತ್ರವಲ್ಲ. ಕೊರಟಗೆರೆಯ ಹೊಳವನಹಳ್ಳಿಯಿಂದ ಮಧುಗಿರಿ, ಶಿರಾ, ಪಾವಗಡದವರೆಗೆ ಕಡಲೆಕಾಯಿ ಹೊಲದಲ್ಲಿ ಬರಿಗೈಲಿ ದುಡಿಯುವವರ ಪಾಲಿಗೆ ಅದು ದಿನದ ಸಂಗತಿ. ಬುಸ್ ಎನ್ನುವುದು ಹಾವಿನ ಮಾತು ಎಂಬ ನಂಬಿಕೆ ಕಥೆಯಿಂದ ಹೊಲಕ್ಕೆ ಇಳಿದಾಗ ಅದು ಸರಿಯೋ ತಪ್ಪೋ ನೋಡಲೇಬೇಕಾಗುತ್ತದೆ.

ಹಾವಿಗೆ ಧ್ವನಿಪೆಟ್ಟಿಗೆಯ ತಂತುಗಳಿಲ್ಲ. ಉದ್ದನೆಯ ಶ್ವಾಸಕೋಶದಲ್ಲಿ ತುಂಬಿಕೊಂಡ ಗಾಳಿಯನ್ನು ಇಕ್ಕಟ್ಟಾದ ಕಿಂಡಿಯಿಂದ ನೂಕಿದಾಗ ಬುಸ್ ಹುಟ್ಟುತ್ತದೆ, ಪಂಕ್ಚರ್ ಆದ ಟ್ಯೂಬಿನ ಹಾಗೆ. ಅಳೆದು ನೋಡಿದವರ ಪ್ರಕಾರ ಈ ಸದ್ದು ಸುಮಾರು 3,000ದಿಂದ 13,000 ಹರ್ಟ್ಸ್‌ವರೆಗೆ ಹರಡಿಕೊಂಡಿರುತ್ತದೆ. ಅದರ ಬಲವೆಲ್ಲ 7,500ರ ಆಸುಪಾಸು. ಇನ್ನು ಕಿವಿಯ ಕಡೆ ಬನ್ನಿ. ಹಾವಿಗೆ ಹೊರಕಿವಿ ಇಲ್ಲ, ಕಿವಿತಮಟೆಯೂ ಇಲ್ಲ. ಒಳಕಿವಿ ಮಾತ್ರ ಸರಿಯಾಗಿದೆ. ಅದಕ್ಕೆ ಸೇರಿದ ಕಡ್ಡಿಯಂಥ ಒಂದು ಮೂಳೆ ಇನ್ನೊಂದು ತುದಿಯಲ್ಲಿ ದವಡೆಗೆ ಹೊಂದಿಕೊಂಡಿದೆ. ನೆಲಕ್ಕೆ ದವಡೆ ಊರಿ ಮಲಗಿದ ಹಾವಿಗೆ ಭೂಮಿಯ ನಡುಕ ಆ ದಾರಿಯಲ್ಲಿ ತಲುಪುತ್ತದೆ. ಆಫ್ರಿಕದ ರಾಯಲ್ ಹೆಬ್ಬಾವುಗಳ ಮೇಲೆ ಡೆನ್ಮಾರ್ಕಿನ ವಿಜ್ಞಾನಿಗಳು 2012ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಅವಕ್ಕೆ ಚೆನ್ನಾಗಿ ತಿಳಿಯುವುದು 80ರಿಂದ 160 ಹರ್ಟ್ಸ್‌ನ ದಪ್ಪ ಸದ್ದು ಎಂದು ಕಂಡುಬಂತು. ಗಾಳಿಯಲ್ಲಿ ಬಂದ ಸದ್ದು ತಲೆಬುರುಡೆಯನ್ನೇ ಅಲುಗಿಸುತ್ತದೆ, ಆ ಅಲುಗಾಟವೇ ಅದರ ಕೇಳ್ಮೆ. ಸಾವಿರ ಹರ್ಟ್ಸ್ ದಾಟಿದ ಮೇಲೆ ಹಾವಿನ ಲೋಕ ಹೆಚ್ಚುಕಡಿಮೆ ನಿಶ್ಶಬ್ದ. ಈ ಎರಡು ಲೆಕ್ಕವನ್ನು ಅಕ್ಕಪಕ್ಕ ಇಟ್ಟರೆ ಸಿಗುವ ಉತ್ತರ ಒಂದೇ: ಹಾವು ಬುಸುಗುಟ್ಟಿದ್ದು ಇನ್ನೊಂದು ಹಾವಿಗೆ ಕೇಳಿಸುವುದಿಲ್ಲ. ನಮ್ಮ ‘ಸ’ಕಾರದ ಬಲವೂ 4,000 ಹರ್ಟ್ಸ್‌ಗಿಂತ ಮೇಲೆಯೇ. ಹ್ಯಾರಿ ಎಷ್ಟೇ ಸೊಗಸಾಗಿ ಸಕಾರ ಎಳೆದರೂ ಹಾವಿನ ಪಾಲಿಗೆ ಅವನು ಬಾಯಿ ಆಡಿಸುವ ಮೂಗ; ಅದರ ಬದಲು ಜಯಮಂಗಲಿ ದಂಡೆಯಲ್ಲಿ ದನ ಮೇಯಿಸುವ ಗಂಡಸು ‘ಹೋಯ್’ ಎಂದು ಗಟ್ಟಿಯಾಗಿ ಕೂಗಿದರೆ ಅಷ್ಟಿಷ್ಟು ಕೇಳೀತು. ಮಲೆನಾಡಿನ ಕಾಳಿಂಗ ಸರ್ಪ ಇದಕ್ಕೆ ಅರ್ಧ ಅಪವಾದ: ಅದರ ಗುರುಗುಟ್ಟುವಿಕೆಯ ಮುಖ್ಯ ಸ್ವರ 600 ಹರ್ಟ್ಸ್‌ನಷ್ಟು ಕೆಳಗಿದೆ. ಹಾವಿನ ಕೇಳ್ಮೆಯ ಅಂಚಿಗೆ ಅದು ಬಂತು, ಒಳಗೆ ಪೂರ್ತಿ ಬರಲಿಲ್ಲ.

ಹಾಗಾದರೆ ಹಾವಾಡಿಗನ ಪುಂಗಿ? ಪುಂಗಿ ಆಡಿದ ಕಡೆ ಹೆಡೆ ಆಡುತ್ತದೆ. ಸದ್ದಿಲ್ಲದೆ ಮುಷ್ಟಿ ಆಡಿಸಿದರೂ ಆಡುತ್ತದೆ. ಅದು ನೋಡುತ್ತಿರುವುದು ಎದುರಾಳಿಯ ಚಲನೆಯನ್ನು. ಇಷ್ಟನ್ನು ಹಿಡಿದುಕೊಂಡು ಹಾವು ಕೆಪ್ಪು ಎಂದು ಶಾಲೆಯ ಪಾಠಗಳು ಬಹುಕಾಲ ಹೇಳಿಕೊಟ್ಟವು. ಅದೂ ಅತಿಯಾಯಿತು. ಆಸ್ಟ್ರೇಲಿಯದ ಕ್ವೀನ್ಸ್‌ಲೆಂಡ್‌ನಲ್ಲಿ ಕ್ರಿಸ್ಟಿನಾ ಜೆಡೆನೆಕ್ ಮತ್ತು ಸಂಗಡಿಗರು 19 ಹಾವುಗಳನ್ನು ಸದ್ದು ಅಡಗಿಸಿದ ಕೋಣೆಯಲ್ಲಿ ಬಿಟ್ಟು 450 ಹರ್ಟ್ಸ್‌ವರೆಗಿನ ಸದ್ದು ಕೇಳಿಸಿದರು. ಫಲಿತಾಂಶ 2023ರಲ್ಲಿ ಪ್ರಕಟವಾಯಿತು. ನೆಲ ನಡುಗಿಸದ, ಗಾಳಿಯಲ್ಲಿ ಮಾತ್ರ ಬಂದ ಸದ್ದಿಗೂ ಹಾವುಗಳು ಸ್ಪಂದಿಸಿದವು. ವೋಮಾ ಎಂಬ ಹೆಬ್ಬಾವು ಸದ್ದಿನ ಕಡೆಗೇ ಹರಿಯಿತು. ಘೋರ ವಿಷದ ಟೈಪಾನ್ ಮುಂತಾದವು ದೂರ ಸರಿದವು. ಕೇಳಿಸುವುದು ನಿಜ. ಆದರೆ ಕೇಳಿಸಿದ್ದೆಲ್ಲ ಭಾಷೆಯಾಗುವುದಿಲ್ಲ, ಗುಡುಗು ನಮಗೂ ಕೇಳಿಸುತ್ತದೆ.

ಹಾವು ಹಾವಿಗೆ ಏನನ್ನಾದರೂ ಹೇಳುವುದಾದರೆ ಹೇಳುವುದು ವಾಸನೆಯಲ್ಲಿ. ಸೀಳು ನಾಲಿಗೆ ಹೊರಗೆ ಬಂದು ಗಾಳಿಯನ್ನೂ ನೆಲವನ್ನೂ ಸವರಿ ಒಳಗೆ ಹೋಗುತ್ತದೆ. ತುದಿಗೆ ಅಂಟಿದ ಕಣಗಳು ಬಾಯಿಯ ಚಾವಣಿಯಲ್ಲಿರುವ ಜೇಕಬ್‌ಸನ್ ಅಂಗಕ್ಕೆ ತಲುಪುತ್ತವೆ. ಸೀಳು ಯಾಕೆ ಎಂದರೆ, ಎಡ ಬಲ ಎರಡು ಕಡೆಯ ವಾಸನೆಯನ್ನು ಒಟ್ಟಿಗೇ ಹೋಲಿಸಿ ಜಾಡು ಯಾವ ಕಡೆ ತಿರುಗಿತು ಎಂದು ತಿಳಿಯಲು. ಹಾವಿನ ಹೆಜ್ಜೆ ಹಾವೇ ಬಲ್ಲದು ಎಂಬ ಗಾದೆ ಕಟ್ಟಿದವರಿಗೆ ಇದು ಗೊತ್ತಿತ್ತು ಎನ್ನಲಾರೆ, ಆದರೆ ಮಾತು ಮಾತ್ರ ಗುರಿಗೆ ಬಿದ್ದಿದೆ. ಕೆನಡಾದ ಮ್ಯಾನಿಟೋಬದಲ್ಲಿ ಚಳಿಗಾಲ ಕಳೆದು ಬಿಲದಿಂದ ಹೊರಬರುವ ಸಾವಿರಾರು ಗಾರ್ಟರ್ ಹಾವುಗಳಲ್ಲಿ, ಹೆಣ್ಣಿನ ಚರ್ಮದ ಕೊಬ್ಬಿನಂಥ ಒಂದು ವಸ್ತುವೇ ಗಂಡುಗಳನ್ನು ಕರೆಯುತ್ತದೆ. ಇನ್ನೂ ಸೋಜಿಗವೆಂದರೆ ಕೆಲವು ಗಂಡುಗಳೂ ಹೆಣ್ಣಿನ ವಾಸನೆ ಸೂಸಿ ಉಳಿದ ಗಂಡುಗಳನ್ನು ಮೋಸಗೊಳಿಸುತ್ತವೆ. 1985ರಲ್ಲೇ ಇದು ವರದಿಯಾಗಿತ್ತು. ಸುಳ್ಳು ಹೇಳಬಲ್ಲದ್ದೆಲ್ಲ ಭಾಷೆ ಎನ್ನುವುದಾದರೆ ಇದನ್ನು ಭಾಷೆ ಎಂದುಬಿಡಬಹುದು. ನನಗೆ ಆ ಧಾರಾಳ ಇಲ್ಲ: ಆ ವಾಸನೆಯಲ್ಲಿ ನಿನ್ನೆ ಇಲ್ಲ, ನಾಳೆ ಇಲ್ಲ, ‘ಒಂದು ವೇಳೆ’ ಎಂಬುದಿಲ್ಲ. ಹೇಗೂ ನಮ್ಮ ಮೂಗಿಗೆ ಅದು ಎಟುಕುವುದಿಲ್ಲ. ಕಣ್ಣಿಗೆ ಕಾಣುವ ಅಷ್ಟನ್ನೂ ನಾವು ತಪ್ಪು ಓದುತ್ತೇವೆ ಎಂಬುದಕ್ಕೆ ಕೇರೆಹಾವು ಸಾಕ್ಷಿ. ಎರಡು ಕೇರೆಗಳು ಹೆಣೆದುಕೊಂಡು ಆಳೆತ್ತರ ಎದ್ದು ನಿಂತರೆ ಹಾವುಗಳ ಸರಸ ಎನ್ನುತ್ತೇವೆ, ಒಂದು ನಾಗರ ಇನ್ನೊಂದು ಕೇರೆ ಎನ್ನುತ್ತೇವೆ, ಹೊಸ ಬಟ್ಟೆ ಹಾಸಿದರೆ ಅದೃಷ್ಟ ಎನ್ನುವವರೂ ಇದ್ದಾರೆ. ವಾಸ್ತವದಲ್ಲಿ ಅವೆರಡೂ ಗಂಡು ಕೇರೆಗಳು, ಒಂದರ ತಲೆಯನ್ನು ಇನ್ನೊಂದು ನೆಲಕ್ಕೆ ಒತ್ತಲು ಹಿಡಿದ ಕುಸ್ತಿ ಅದು.

ಉಳಿದದ್ದು ಬುಸ್. ತನಗೇ ಕೇಳಿಸದ ಸದ್ದನ್ನು ಹಾವು ಯಾರಿಗಾಗಿ ಮಾಡುತ್ತದೆ? ಕೇಳಿಸುವವರಿಗಾಗಿ: ನಾಯಿ, ಮುಂಗುಸಿ, ಹಕ್ಕಿ, ದನ, ಮನುಷ್ಯ. ಹಾವಿನ ಭಾಷೆ ಎಂದು ನಾವು ಕರೆಯುವುದು ಅದು ಪರರಿಗೆಂದೇ ಇಟ್ಟುಕೊಂಡ ಭಾಷೆ, ಅದರಲ್ಲಿ ಇರುವುದು ಒಂದೇ ವಾಕ್ಯ: ದೂರ ಇರು. ಪಾವಗಡದ ಹೆಸರಿನಲ್ಲೇ ‘ಪಾವು’ ಇದೆ ಎನ್ನುತ್ತಾರೆ, ಹಳಗನ್ನಡದ ಪಾವು ಇಂದಿನ ಹಾವು. ಅದೇ ತಾಲ್ಲೂಕಿನ ನಾಗಲಮಡಿಕೆ ಅಂತ್ಯ ಸುಬ್ರಹ್ಮಣ್ಯನ ಕ್ಷೇತ್ರ. ಹುತ್ತಕ್ಕೆ ತನಿ ಎರೆಯುವ ಈ ಜನಕ್ಕೆ ಆ ವಾಕ್ಯದ ಉಚ್ಚಾರಭೇದಗಳೂ ಪರಿಚಿತ. ನಾಗರ ಹೆಡೆ ಬಿಚ್ಚಿ ಚಿಕ್ಕದಾಗಿ ಬುಸ್ ಎನ್ನುತ್ತದೆ. ಕೊಳಕುಮಂಡಲ ಮೈ ಉಬ್ಬಿಸಿ ಕುಕ್ಕರಿನ ಹಾಗೆ ಉದ್ದಕ್ಕೆ ಎಳೆಯುತ್ತದೆ. ಗರಗಸ ಮಂಡಲದ ರೀತಿ ಬೇರೆ. ಒಂದು, ಒಂದೂವರೆ ಅಡಿಯ ಈ ಹಾವು ಸಾಮಾನ್ಯವಾಗಿ ಬಾಯಿಂದ ಮಾತಾಡುವುದೇ ಇಲ್ಲ. ಮೈಯನ್ನು ಕುದುರೆಲಾಳದಂತೆ ಮಡಿಕೆ ಮಡಿಕೆಯಾಗಿ ಸುತ್ತಿ, ಪಕ್ಕದ ಮಡಿಕೆಗಳನ್ನು ಎದುರುಬದುರು ದಿಕ್ಕಿಗೆ ಜಾರಿಸುತ್ತದೆ. ಪಕ್ಕೆಯ ಹುರುಪೆಗಳಿಗೆ ಗರಗಸದ ಹಲ್ಲಿನಂಥ ಏಣುಗಳಿವೆ. ಒಂದಕ್ಕೊಂದು ಉಜ್ಜಿ, ಕಾದ ಹೆಂಚಿಗೆ ನೀರು ಚಿಮುಕಿಸಿದಂತೆ ಚರ್ರ್ ಎನ್ನುತ್ತವೆ. ತಲೆ ನಡುವೆ ನೆಟ್ಟಗೆ ನಿಂತಿರುತ್ತದೆ, ಸುರುಳಿ ಮಾತ್ರ ಸುತ್ತ ಹರಿಯುತ್ತಿರುತ್ತದೆ. ಬುಸುಗುಟ್ಟಿದರೆ ಉಸಿರಿನ ಜತೆ ತೇವವೂ ಹೋಗುತ್ತದೆ, ಒಣಸೀಮೆಯ ಹಾವು ಅದನ್ನು ಉಳಿಸಲು ಕಂಡುಕೊಂಡ ಉಪಾಯ ಇದು ಎಂಬ ಊಹೆಯೂ ಇದೆ.

ನಾವು ಹಾವಿಗೆ ಹೇಳಬಹುದಾದದ್ದೂ ಇದೆ, ಅದು ಬಾಯಿಮಾತಲ್ಲ. ಕತ್ತಲಲ್ಲಿ ಬದುವಿನ ಮೇಲೆ ಕೋಲು ಕುಟ್ಟಿಕೊಂಡು ಹೋಗುವವರು ಹಾವಿನ ದವಡೆಗೆ ನೇರವಾಗಿ ಸುದ್ದಿ ಮುಟ್ಟಿಸುತ್ತಿರುತ್ತಾರೆ. ಎಲ್ಲ ಹಾವೂ ಓಡಿಹೋಗುತ್ತದೆ ಎಂದಲ್ಲ. ಕೊಳಕುಮಂಡಲ ಕೂತಲ್ಲೇ ಕೂರುವ ಆಸಾಮಿ, ಆದ್ದರಿಂದ ಕೋಲಿನ ಜತೆ ಟಾರ್ಚೂ ಬೇಕು. 2000ದಿಂದ 2019ರವರೆಗೆ ಭಾರತದಲ್ಲಿ ಹಾವು ಕಚ್ಚಿ ವರ್ಷಕ್ಕೆ ಸರಾಸರಿ 58,000 ಜನ ಸತ್ತರು ಎಂದು ಒಂದು ದೊಡ್ಡ ಅಧ್ಯಯನ ಲೆಕ್ಕ ಹಾಕಿದೆ. ಕರ್ನಾಟಕ ಸರ್ಕಾರ 2024ರ ಫೆಬ್ರವರಿಯಲ್ಲಿ ಹಾವು ಕಡಿತವನ್ನು ಆಸ್ಪತ್ರೆಗಳು ಕಡ್ಡಾಯವಾಗಿ ವರದಿ ಮಾಡಬೇಕಾದ ಪಟ್ಟಿಗೆ ಸೇರಿಸಿತು. ಈ ಸಾವುಗಳನ್ನೆಲ್ಲ ಎಚ್ಚರಿಕೆ ಕೇಳಿಸಿಕೊಳ್ಳದವರ ತಪ್ಪು ಎಂದುಬಿಟ್ಟರೆ ಅನ್ಯಾಯ. ಕಡಲೆಕಾಯಿ ಬಳ್ಳಿ ಕೀಳುವ ಕೈ ಎಷ್ಟೋ ಸಲ ಬುಸ್ಸಿಗಿಂತ ಮೊದಲೇ ಹಾವಿನ ಹತ್ತಿರ ಹೋಗಿರುತ್ತದೆ. ಅದಕ್ಕಿಂತ ಹೆಚ್ಚಾಗಿ, ಕಟ್ಟುಹಾವು ಎಂಬ ಮೌನಿ ಇದೆ. ಇಲಿ, ಹಲ್ಲಿ, ಬೇರೆ ಹಾವು ಹುಡುಕಿಕೊಂಡು ರಾತ್ರಿ ಮನೆಯೊಳಗೆ ಬರುತ್ತದೆ, ನೆಲದ ಮೇಲೆ ಮಲಗಿದವರ ಮಗ್ಗುಲಿಗೆ ಸೇರಿ, ಮೈ ಹೊರಳಿದಾಗ ಬುಸ್ಸೂ ಇಲ್ಲದೆ ಹೆಡೆಯೂ ಇಲ್ಲದೆ ಕಚ್ಚುತ್ತದೆ. ಎಷ್ಟೋ ಸಲ ನೋವೂ ಊತವೂ ಇರುವುದಿಲ್ಲ. ಬೆಳಗಿನ ಜಾವ ಹೊಟ್ಟೆನೋವು, ರೆಪ್ಪೆ ಜೋಲುವುದು ಶುರುವಾದಾಗಲೇ ಗೊತ್ತಾಗುವುದು. ಆಗ ದಾರ ಬಿಗಿಯುವುದಲ್ಲ, ಗಾಯ ಕೊಯ್ಯುವುದಲ್ಲ, ಪ್ರತಿವಿಷ ಇರುವ ಆಸ್ಪತ್ರೆಗೆ ನೇರ ಓಡುವುದು. ಭಾಷೆಯೇ ಇಲ್ಲದ ಈ ಹಾವಿನ ಮುಂದೆ ಯಾವ ಕಲಿಕೆಯೂ ನಡೆಯುವುದಿಲ್ಲ. ನೇಪಾಳದ ಆಗ್ನೇಯ ತರಾಯಿಯ ಹಳ್ಳಿಗಳಲ್ಲಿ ನಡೆದು 2007ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ, ಸೊಳ್ಳೆಪರದೆ ಕಟ್ಟಿ ಮಲಗಿದವರಿಗೆ ಹಾವು ಕಚ್ಚಿದ್ದು ಕಡಿಮೆ ಎಂದು ಕಂಡಿತು. ಪರದೆಯ ಅಂಚನ್ನು ಚಾಪೆಯ ಕೆಳಗೆ ಸುತ್ತಲೂ ಸಿಕ್ಕಿಸಿರಬೇಕು, ಅಷ್ಟೆ.